ಹಿಂಬರಹ ಕೊಡ್ರಿ, ಸಾಹೇಬ್ರ

ಠಾಣೆಯ ಮೇಜಿನ ಮೇಲೆ ಸೋದರಮಾವ ಇಟ್ಟ ಫೋಟೊ ನಾನೇ ತೆಗೆದದ್ದು. ಅದನ್ನು ದೊಡ್ಡದಾಗಿ ಪ್ರಿಂಟು ಹಾಕಿಸಿ, ಮಾಸದಿರಲೆಂದು ಲ್ಯಾಮಿನೇಷನ್ನೂ ಮಾಡಿಸಿಕೊಂಡು ಬಂದಿದ್ದ. ಎಳ್ಳಮವಾಸ್ಯೆಯ ದಿನ, ಎದೆಯೆತ್ತರದ ಬಿಳಿಜೋಳದ ನಡುವೆ, ತಲೆಗೆ ರುಮಾಲು ಸುತ್ತಿಕೊಂಡ ಮಾಮಾ ಬಲಗೈ ಬೀಸಿ ಚರಗ ಚೆಲ್ಲುತ್ತಿದ್ದಾನೆ. ಚೆಲ್ಲಿದ ತುತ್ತು ಇನ್ನೂ ಗಾಳಿಯಲ್ಲೇ ಇದೆ. ಫೋಟೊ ಚೆನ್ನಾಗಿಯೇ ಬಂದಿದೆ. ಅದರ ಕೆಳಗೆ ಮನೆಯವರ ವಾಟ್ಸ್ಆ್ಯಪ್ ಗುಂಪಿನಲ್ಲಿ ಹಾಕಿದ ಸಾಲು: "ಮಾಮಾನ ಹೊಲದಾಗ ಎಳ್ಳಮಾಸಿ!" ಆ ಸಾಲನ್ನು ಬರೆದವಳೂ ನಾನೇ.

"ನೋಡ್ರಿ ಸಾಹೇಬ್ರ," ಎಂದ ಮಾಮಾ. "ಇದು ನಾ ಬರದದ್ದಲ್ಲ. ನಮ್ಮ ತಂಗಿ ಮಗಳು ಬರದದ್ದು. ಇಲ್ಲೇ ಕುಂತಾಳ, ಕೇಳ್ರಿ. ಭಾಷಣದಾಗ ಕಪ್ ಗೆದ್ದಾಕಿ ಅದಾಳ, ಸುಳ್ಳ ಬರೀತಾಳೇನ್ರಿ?"

ಕಪ್ ಗೆದ್ದದ್ದು ನಿಜ. ಕಾಲೇಜಿನ ಮೂರು ವರ್ಷ ಚರ್ಚಾಸ್ಪರ್ಧೆ ಎಲ್ಲಿದ್ದರೂ ನಾನು ಬಸ್ಸು ಹತ್ತುತ್ತಿದ್ದೆ. ಜೇವರ್ಗಿಯಲ್ಲಿ ಪರವಾಗಿ ಮಾತಾಡಿದ ವಿಷಯಕ್ಕೇ ಅಫಜಲಪುರದಲ್ಲಿ ವಿರೋಧವಾಗಿ ಮಾತಾಡಿ ಎರಡೂ ಕಡೆ ಗೆದ್ದು ಬಂದಿದ್ದೇನೆ. ಎದುರಿನವರ ಮಾತನ್ನೇ ಹಿಡಿದು ಎದುರಿನವರನ್ನು ಕೆಡವುವುದು ಅಲ್ಲಿ ಕಲಿತ ಮೊದಲ ಪಟ್ಟು. ಆ ಪಟ್ಟನ್ನು ಏಳನೆಯ ಇಯತ್ತೆ ದಾಟದ ಮಾಮಾ ನನ್ನ ಮೇಲೆಯೇ ಹಾಕಿದ. ತೀರ್ಪುಗಾರಳಾಗಿದ್ದರೆ ನಾನೂ ಅವನಿಗೇ ಅಂಕ ಕೊಡುತ್ತಿದ್ದೆ.

ಆದರೆ ನನ್ನ ಪ್ರಶ್ನೆ ಅಂದೂ ಇಂದೂ ಒಂದೇ: ಅಲ್ಲಿ ತೀರ್ಪುಗಾರ ಯಾರು? ಖಾಕಿ ಹಾಕಿಕೊಂಡು ಮೇಜಿನ ಆ ಬದಿಗೆ ಕೂತವರನ್ನು ನನ್ನ ಅವ್ವನ ಹೊಲದ ತೀರ್ಪುಗಾರರನ್ನಾಗಿ ಮಾಡಿದವರು ಯಾರು?

ಠಾಣೆ ಯಾವುದೆಂದು ಬರೆಯುವುದಿಲ್ಲ. ಒಂದು ಠಾಣೆಯ ಹೆಸರು ಹೇಳಿದರೆ ಉಳಿದವರು ಇದು ತಮ್ಮ ಮಾತಲ್ಲ ಎಂದು ನಿಶ್ಚಿಂತೆಯಿಂದ ಇದ್ದುಬಿಡುತ್ತಾರೆ. ಅಷ್ಟು ಸುಲಭಕ್ಕೆ ಯಾಕೆ ಬಿಡಬೇಕು?

ಹೊಲದ ಕತೆ ಇಷ್ಟು. ನಾವಿರುವುದು ಆಳಂದದಲ್ಲಿ, ಅವ್ವನ ತವರು ನರೋಣಾ ಕಡೆಯ ಒಂದು ಹಳ್ಳಿ. ಅಜ್ಜ ಬದುಕಿದ್ದಾಗಲೇ ವಾಟ್ನಿ ಮಾಡಿ, ಅಂದರೆ ಮಕ್ಕಳಿಗೆ ಪಾಲು ಹಂಚಿ, ಮೂರೂವರೆ ಎಕರೆಯನ್ನು ಅವ್ವನ ಹೆಸರಿಗೆ ಮಾಡಿಸಿದ್ದ. ಪಹಣಿಯಲ್ಲಿ ಅವ್ವನ ಹೆಸರಿದೆ. ಬದುವಿನ ಆಚೆಗೆ ಮಾಮಾನ ಪಾಲು. ಅವ್ವನ ಹೊಲವನ್ನು ಪಾಲಿಗೆ ಮಾಡುತ್ತಿದ್ದವರು ಇನ್ನೊಂದು ಬದಿಗೆ ಹೊಲವಿದ್ದ, ಅದೇ ಊರಿನ ಚಾಚಾ. ಮೊಮ್ಮಕ್ಕಳನ್ನು ಉರ್ದುವಿನಲ್ಲಿ, ಎತ್ತುಗಳನ್ನು ಕನ್ನಡದಲ್ಲಿ ಬೈಯುವ ಮನುಷ್ಯ. ಮೇಲಿನ ಅರ್ಧಕ್ಕೆ ತೊಗರಿ, ಕೆಳಗಿನ ಅರ್ಧಕ್ಕೆ ಜೋಳ. ರಾಶಿಯಾದ ಮೇಲೆ ಅರ್ಧ ಅವರಿಗೆ, ಅರ್ಧ ನಮಗೆ. ಇದರಲ್ಲಿ ಯಾರಿಗೂ ಯಾವ ಅನುಮಾನವೂ ಇರಲಿಲ್ಲ.

ಅನುಮಾನಕ್ಕೆ ದಾರಿ ಮಾಡಿದ್ದು ಚರಗ. ನಮ್ಮ ಕಡೆ ಎಳ್ಳಮವಾಸ್ಯೆಗೆ ಯಾರೂ ಮನೆಯಲ್ಲಿ ಉಣ್ಣುವುದಿಲ್ಲ. ಸಜ್ಜೆಯ ಕಡಬು, ಎಳ್ಳು ಹಚ್ಚಿದ ರೊಟ್ಟಿ, ಸಿಕ್ಕ ಕಾಯಿಪಲ್ಯೆಯನ್ನೆಲ್ಲ ಕೂಡಿಸಿ ಕುದಿಸಿದ ಭಜ್ಜಿ, ಅಂಬಲಿಯ ಗಡಿಗೆ, ಎಲ್ಲ ಹೊತ್ತುಕೊಂಡು ಊರಿಗೆ ಊರೇ ಹೊಲಕ್ಕೆ ಹೋಗುತ್ತದೆ. ಉಣ್ಣುವ ಮೊದಲು ಮನೆಯ ಗಂಡಸೊಬ್ಬ ಬುಟ್ಟಿ ಹಿಡಿದು ಹೊಲದ ಸುತ್ತ ನಡೆಯುತ್ತ, ಕೂಗು ಹಾಕುತ್ತ, ನಾಲ್ಕೂ ದಿಕ್ಕಿಗೆ ಆ ಅಡುಗೆಯನ್ನು ಚೆಲ್ಲುತ್ತಾನೆ. ಭೂಮಿಗೆ ಊಟ ಹಾಕುವ ಲೆಕ್ಕ. ಭೂಮಿ ಕಡಬು ತಿನ್ನುತ್ತದೆ ಎಂದು ನಂಬುವವಳು ನಾನಲ್ಲ, ಕಡಬಿಗಾಗಿಯೇ ಹೋಗುವವಳು.

ಅಡುಗೆ ಮಾಡುವವರು, ಹೊರುವವರು, ಬಡಿಸುವವರು ಹೆಂಗಸರು. ಚೆಲ್ಲುವವನು ಮಾತ್ರ ಗಂಡಸು. ಹೊಲ ಅವ್ವನದಾದರೂ ಚೆಲ್ಲುವ ಕೈ ಅವ್ವನದಲ್ಲ. ಅಪ್ಪ ಆ ಊರಿನ ಅಳಿಯ; ಹೆಂಡತಿಯ ತವರಿನ ಹೊಲದಲ್ಲಿ ತಾನು ಚರಗ ಚೆಲ್ಲಿದರೆ ಆಸೆಗೆ ಬಿದ್ದವನ ಹಾಗೆ ಕಾಣುತ್ತದೆಂದು ಗಾಡಿಯ ನೆರಳಿನಲ್ಲಿ ಕೂತುಬಿಡುತ್ತಿದ್ದ. ಹಾಗಾಗಿ ಅಜ್ಜ ತೀರಿಕೊಂಡ ವರ್ಷದಿಂದ ಅವ್ವನೇ ಬದುವಿನ ಮೇಲೆ ನಿಂತು, "ಅಣ್ಣಾ, ಬಾ, ನಮ್ಮದೂ ಚೆಲ್ಲಿ ಹೋಗು" ಎಂದು ಕರೆಯುತ್ತಿದ್ದಳು. ಕರೆದದ್ದು ಪ್ರೀತಿಯಿಂದ, ಬಂದದ್ದೂ ಪ್ರೀತಿಯಿಂದಲೇ ಇರಬೇಕು, ಮೊದಮೊದಲು. ಅಣ್ಣನನ್ನು ವರ್ಷವರ್ಷ ಹೊಲಕ್ಕೆ ಕರೆದ ತಪ್ಪನ್ನು ತವರಿನ ಮೇಲೆ ಜೀವ ಇಟ್ಟುಕೊಂಡ ನಮ್ಮ ಹೆಣ್ಣುಮಕ್ಕಳಲ್ಲದೆ ಬೇರೆ ಯಾರು ಮಾಡುತ್ತಾರೆ? ನನ್ನ ಸಾಲೂ ಅಂಥದೇ. ಚಿಕ್ಕಂದಿನಿಂದ ನಮಗೆ ಅದು ಮಾಮಾನ ಊರು, ಮಾಮಾನ ಬಾವಿ, ಮಾಮಾನ ಹೊಲ. ಪಹಣಿ ನೋಡಿ ಮಾತಾಡುವ ಮಗು ಎಲ್ಲಾದರೂ ಉಂಟೇ?

ಹೊಲದ ಮಗ್ಗುಲಿನ ರಸ್ತೆ ಅಗಲವಾಗುತ್ತದೆ ಎಂಬ ಸುದ್ದಿ ಹಬ್ಬಿ, ಆ ಬದಿಯ ಹೊಲಗಳ ಬೆಲೆ ಏರಿತು. ತೊಗರಿ ಕಡಿಯುವ ಹೊತ್ತಿಗೆ ಚಾಚಾ ಫೋನು ಮಾಡಿದರು.

"ಬೇಟಿ, ನಿಮ್ಮ ಮಾಮಾ ಬದುವಿನ ಮ್ಯಾಲ ನಿಂತಾನ. ಹೊಲ ನಂದದ, ಕುಡಗೋಲ ಹಚ್ಚಬ್ಯಾಡ ಅಂತಾನ. ಬೆಳಿಗ್ಗಿಂದ ಆಳುಗಳು ಹಂಗೇ ಕುಂತಾರ. ಕಡೀಲೋ, ಬಿಡಲೋ?"

ಮರುದಿನ ಇನ್ನೊಂದು ಫೋನು, ಠಾಣೆಯಿಂದ. ಮಾಮಾ ಅರ್ಜಿ ಕೊಟ್ಟಿದ್ದ. "ಅವ್ವಾರನ್ನ ಕರ್ಕೊಂಡು ಬರ್ರಿ, ಸಾಹೇಬ್ರು ಕರದಾರ." ನೋಟೀಸು ಬರವಣಿಗೆಯಲ್ಲಿ ಕೊಡಿ ಎಂದೆ. "ಫೋನ್ ಮಾಡೇನಲ್ಲವಾ, ಅದಕ್ಕಿಂತ ದೊಡ್ಡ ನೋಟೀಸ ಏನದ?" ಎಂದಿತು ಆ ದನಿ. ಅವ್ವ ಹೆದರಿ ಆಗಲೇ ಸೀರೆ ಬದಲಿಸಿದ್ದಳು. ಅಪ್ಪ ಬರಲಿಲ್ಲ: "ಅಣ್ಣ ತಂಗಿ ಜಗಳ, ಅಳಿಯ ಬಾಯಿ ಹಾಕಬಾರದು."

ಠಾಣೆಯಲ್ಲಿ ಹಿರಿಯ ಹವಾಲ್ದಾರರೊಬ್ಬರು ಒಂದು ಕಾಗದವನ್ನು ಅವ್ವನ ಮುಂದೆ ಸರಿಸಿ, ಎಲ್ಲಿ ಸಹಿ ಮಾಡಬೇಕೆಂದು ಬೆರಳಿನಿಂದ ತೋರಿಸಿದರು. ಅದಕ್ಕೆ ಮುಚ್ಚಳಿಕೆ ಎನ್ನುತ್ತಾರೆ. ತಕರಾರು ಮುಗಿಯುವ ತನಕ ಇಬ್ಬರೂ ಹೊಲಕ್ಕೆ ಕಾಲಿಡುವುದಿಲ್ಲ, ಇದನ್ನು ಯಾರ ಒತ್ತಾಯವೂ ಇಲ್ಲದೆ ಸ್ವಖುಷಿಯಿಂದ ಬರೆದುಕೊಟ್ಟಿದ್ದೇವೆ ಎಂದು ಅದರಲ್ಲಿತ್ತು. ಅವ್ವ ಒಳಗೆ ಬರುವ ಮೊದಲೇ ಅವ್ವನ ಖುಷಿಯನ್ನು ಬರೆದು ಮುಗಿಸಿದ್ದರು!

"ಬ್ಯಾಡವ್ವಾ, ಸಹಿ ಮಾಡಬ್ಯಾಡ," ಎಂದೆ.

"ಏ ತಂಗಿ, ಇದೇನು ಗಲ್ಲಿಗೇರಸೂ ಕಾಗದಲ್ಲ," ಹವಾಲ್ದಾರರು ನಕ್ಕರು. "ಇಲ್ಲಿ ಎಲ್ಲಾರೂ ಮಾಡ್ತಾರ."

"ಎಲ್ಲಾರೂ ಮಾಡಿದ್ದಕ್ಕೇ ನೀವು ಮೊದಲೇ ಬರದಿಟ್ಟೀರಿ, ಕಾಕಾ."

ಅಷ್ಟರಲ್ಲಿ ಸಾಹೇಬರು ಬಂದರು, ಮಾಮಾ ಆ ಫೋಟೊವನ್ನು ಮೇಜಿನ ಮೇಲಿಟ್ಟ, ನಾನು ಬೆವತೆ. ಬೆವತದ್ದನ್ನು ಮುಚ್ಚಿಡಲು ಎದ್ದು ನಿಂತೆ.

"ಸಾಹೇಬ್ರ, ಹೊಲದ ತಕರಾರು ಕೋರ್ಟಿಗೆ ಸೇರಿದ್ದು. ಈ ಸಾಲು ನಾನೇ ಬರದೇನಿ. ಇಲ್ಲ ಅನ್ನಂಗಿಲ್ಲ. ಆದ್ರ ಚರಗ ಚೆಲ್ಲಿದವರದೆಲ್ಲ ಹೊಲ ಆಗ್ತದಂದ್ರ, ಪ್ರತಿ ವರ್ಷ ಆ ಚರಗ ತಿನ್ನೂ ಹಕ್ಕಿಗಳೂ ಒಂದು ಅರ್ಜಿ ಕೊಡಬಹುದು."

ಹವಾಲ್ದಾರರು ಬಾಯಿಗೆ ಕೈ ಅಡ್ಡ ಹಿಡಿದುಕೊಂಡರು. ಸಾಹೇಬರು ನಗಲಿಲ್ಲ. ಅವರು ನನಗಿಂತ ಹತ್ತು ವರ್ಷ ದೊಡ್ಡವರಿರಬಹುದು, ನಿದ್ದೆಗೆಟ್ಟ ಕಣ್ಣು. ಕೆಟ್ಟ ಮನುಷ್ಯ ಎಂದು ಬರೆದರೆ ನನ್ನ ವಾದಕ್ಕೆ ಅನುಕೂಲ, ಆದರೆ ಅದು ನಿಜವಲ್ಲ.

"ಭಾಷಣ ಮುಗೀತೇನವಾ?" ಎಂದರು. "ಈಗ ನಾ ಹೇಳ್ತೀನಿ ಕೇಳು. ನೀ ಕೋರ್ಟಿಗೆ ಹೋಗು ಅಂತೀ. ಅಲ್ಲಿ ಎಷ್ಟ ವರ್ಷ ಹಿಡೀತದ ಗೊತ್ತದೇನು? ಅಲ್ಲೀತನಕ ಈ ಅಣ್ಣ ತಂಗಿ ಬದುವಿನ ಮ್ಯಾಲ ಕಲ್ಲ ಹಿಡ್ಕೊಂಡು ನಿಂತ್ರ ಆಂಬುಲೆನ್ಸ್ ಯಾರು ಕರೀಬೇಕು? ನಾನೇ ಕರೀಬೇಕು. ತಲಿ ಒಡದ ಮ್ಯಾಲ ಬರೂದಕ್ಕಿಂತ ಒಡಿಯೂ ಮೊದಲ ಕರಸೇನಿ. ಇದು ತಪ್ಪೇನು?"

ಆ ದಿನ ಆಡಿದ ಮಾತುಗಳಲ್ಲೆಲ್ಲ ಅದೇ ಗಟ್ಟಿಯಾದ ಮಾತು. ಇಂದಿಗೂ ಅದಕ್ಕೆ ನನ್ನ ಬಳಿ ಪೂರ್ತಿ ಉತ್ತರವಿಲ್ಲ, ಅರ್ಧ ಉತ್ತರವಿದೆ. ಕಲ್ಲು ಕಿತ್ತುಕೊಳ್ಳುವುದು ಪೊಲೀಸರ ಕೆಲಸ. ಕಲ್ಲು ಎತ್ತಿದವನನ್ನು ಒಳಗೆ ಹಾಕುವುದೂ ಅವರದೇ ಕೆಲಸ. ಹೊಲ ಕಿತ್ತುಕೊಳ್ಳುವುದು ಹೇಗೆ ಅವರ ಕೆಲಸವಾಯಿತು? ಇಬ್ಬರೂ ಹೊಲಕ್ಕೆ ಹೋಗಬೇಡಿ ಎಂಬುದು ಕೇಳಲು ಸಮ ತೂಕದ ಮಾತು. ಆದರೆ ಆ ಹೊಲದಲ್ಲಿ ನಿಂತ ತೊಗರಿ ಒಬ್ಬರದೇ. ಒಣಗಿದ ಕಾಯಿ ಸಮಾಧಾನವಾಗಿ ಕಾಯುವುದಿಲ್ಲ, ಬಿಸಿಲಿಗೆ ಸಿಡಿದು ನೆಲಕ್ಕೆ ಉದುರುತ್ತದೆ. ಇಬ್ಬರಿಗೂ ಒಂದೇ ಬಾಗಿಲು ಹಾಕಿದರೆ ಹೊರಗೆ ನಿಂತವನಿಗೆ ಏನು ನಷ್ಟ? ಕೋರ್ಟು ಇಂಥ ತಡೆ ಕೊಡಬೇಕಾದರೆ ಎರಡೂ ಕಡೆಯವರ ಕಾಗದ ನೋಡಿ, ಕಾರಣ ಬರೆದು, ಸಹಿ ಹಾಕಿ ಕೊಡುತ್ತದೆ. ಒಪ್ಪದವರು ಮೇಲಿನ ಕೋರ್ಟಿಗೆ ಹೋಗಬಹುದು. ಠಾಣೆಯ ತಡೆಗೆ ಕಾರಣವಿಲ್ಲ, ಕಾಗದವಿಲ್ಲ, ಮೇಲ್ಮನವಿಯೂ ಇಲ್ಲ. ಬರೀ ಬಾಯಿ.

ಇದನ್ನೆಲ್ಲ ಹೇಳಿದೆ. ಎಷ್ಟು ಹೇಳಿದರೂ ಸಾಹೇಬರು ಕೊನೆಗೆ ಹೇಳಿದ್ದು ಒಂದೇ ಮಾತು: "ಗುರುವಾರ ಬರ್ರಿ. ಅಲ್ಲೀತನಕ ಯಾರೂ ಹೊಲದಾಗ ಕಾಲಿಡಬ್ಯಾಡ್ರಿ."

ಅವ್ವ ಸಹಿ ಮಾಡಲಿಲ್ಲ, ಆದರೆ ಹೊಲಕ್ಕೆ ಹೋಗುವ ಧೈರ್ಯವನ್ನೂ ಮಾಡಲಿಲ್ಲ. ಬರೆಯದ ಮಾತಿನ ಜೋರು ನೋಡಿ!

ಗುರುವಾರದ ತನಕ ಆರು ದಿನ. ಚಾಚಾ ದಿನಾ ತಮ್ಮ ಹೊಲದ ಅಂಚಿಗೆ ನಿಂತು ನಮ್ಮ ತೊಗರಿಯ ಸುದ್ದಿ ಹೇಳುತ್ತಿದ್ದರು, ಆಸ್ಪತ್ರೆಯಲ್ಲಿ ಮಲಗಿದವರ ಸುದ್ದಿ ಹೇಳುವ ಹಾಗೆ. "ಇವತ್ತ ಮ್ಯಾಲಿನ ಸಾಲು ಸಿಡಿಯಾಕತ್ತದ, ಬೇಟಿ. ಪಟ್ ಪಟ್ ಅಂತ ಕೇಳಸ್ತದ." ಹವಳಗಾ ಕಡೆಯ ನನ್ನ ಕಾಲೇಜಿನ ಗೆಳತಿಗೆ ಫೋನಿನಲ್ಲಿ ಹೇಳಿಕೊಂಡೆ. ಅವರ ಮನೆಯಲ್ಲೂ ಇದೇ ಆಗಿತ್ತಂತೆ: ಚಿಕ್ಕಪ್ಪನ ಅರ್ಜಿ, ಠಾಣೆಯ ಬಾಯಿಮಾತು, ಕಡಿಯುವ ದಿನ ಮೀರಿ ಹೊಲದಲ್ಲೇ ಒಣಗಿದ ಕಬ್ಬು. "ನಾವು ಸಹಿ ಮಾಡಿದ್ವಿ ಬೇ," ಎಂದಳು. "ಈಗ ಅದೇ ಕಾಗದ ಕೋರ್ಟಿನ್ಯಾಗ ತೋರ್ಸಿ, ನೀವೇ ಬಿಟ್ಟುಕೊಟ್ಟೀರಿ ಅಂತಾರ. ನೀವು ಮಾತ್ರ ಹಿಂಬರಹ ಕೇಳ್ರಿ."

ಹಿಂಬರಹ ಎಂದರೆ ಅರ್ಜಿಗೆ ಠಾಣೆ ಬರವಣಿಗೆಯಲ್ಲಿ ಕೊಡುವ ಉತ್ತರ. ಇದು ಸಿವಿಲ್ ಸ್ವರೂಪದ ತಕರಾರು, ನ್ಯಾಯಾಲಯದಲ್ಲಿ ಪರಿಹರಿಸಿಕೊಳ್ಳಿ ಎಂದು ಎರಡು ಸಾಲು ಬರೆದು ಮೊಹರು ಹಾಕಿದರೆ ಮುಗಿಯಿತು. ಇಷ್ಟು ಚಿಕ್ಕ ಕಾಗದವನ್ನು ಬಾಯಿ ಬಿಟ್ಟು ಕೇಳಬೇಕು ಎಂಬುದೇ ನಮಗೆ ಗೊತ್ತಿರುವುದಿಲ್ಲ.

ಗುರುವಾರ ಹೋದಾಗ ಗಾಳಿ ತಿರುಗಿತ್ತು. ಸಾಹೇಬರು ಪಹಣಿ ತರಿಸಿ ನೋಡಿದ್ದರು. ಮಾಮಾನನ್ನು ಹೊರಗಿನ ಬೆಂಚಿಗೆ ಕಳಿಸಿ ಅವ್ವನಿಗೆ ಕುರ್ಚಿ ಕೊಡಿಸಿದರು.

"ಅವ್ವಾರ, ಹೊಲ ನಿಮ್ಮದೇ ಅದ. ಈಗ ನಿಮ್ಮಣ್ಣಗ ಒಳಗ ಕರದು ನಾಲ್ಕ ಮಾತು ಹೇಳ್ತೀನಿ. ಹೊಲದ ಕಡಿ ತಲಿ ಹಾಕಿ ಮಲಗಂಗಿಲ್ಲ ಅಂತ ಬರಸ್ಕೋತೀನಿ. ನೀವು ನಾಳಿಂದ ತೊಗರಿ ಕಡ್ಕೋರಿ. ಖುಷಿ ಆತಿಲ್ಲೋ?"

ಅವ್ವನ ಮುಖ ಅರಳಿತು. ನನ್ನ ಎದೆಯಲ್ಲೂ ಏನೋ ಹಗುರಾಯಿತು, ಸುಳ್ಳು ಹೇಳುವುದಿಲ್ಲ. ಆರು ದಿನದಿಂದ ಬೇಕಾಗಿದ್ದದ್ದು ತಾನಾಗಿ ಕಾಲ ಬಳಿ ಬಂದಿತ್ತು. ಹೂಂ ಎಂದರೆ ಸಾಕು. ಆದರೆ ಹಾಳು ಚರ್ಚೆಯ ಅಭ್ಯಾಸ! ಇದೇ ಮಾತನ್ನು ಎದುರಿನ ಪಕ್ಷದಿಂದ ಹೇಗೆ ಹೇಳಬಹುದು ಎಂದು ತಲೆ ತಾನೇ ತಿರುಗಿಸಿ ನೋಡಿತು. ಆರು ದಿನದ ಹಿಂದೆ ಫೋಟೊ ನೋಡಿ ಬೀಗ ಹಾಕಿದ ಬಾಯಿ ಇಂದು ಪಹಣಿ ನೋಡಿ ಬೀಗ ತೆಗೆಯುತ್ತದೆ. ಬೀಗದ ಕೈ ಮಾತ್ರ ಅಲ್ಲೇ ಇದೆ.

"ಎರಡ ನಿಮಿಷ, ಸಾಹೇಬ್ರ," ಎಂದು ಅವ್ವನನ್ನು ಹೊರಗಿನ ಚಹಾದಂಗಡಿಗೆ ಎಳೆದುಕೊಂಡು ಹೋದೆ.

"ಏನ ಬೇ ನಿಂದು?" ಅವ್ವ ಸಿಟ್ಟಾದಳು. "ಅವ್ರೇ ನಮ್ಮದು ಅನ್ನಾಕತ್ತಾರ, ನೀ ಬ್ಯಾಡ ಅಂತಿಯಲ್ಲ. ಇಲ್ಲೂ ಕಪ್ ಬೇಕೇನ ನಿನಗ?"

"ಅವ್ವಾ, ನಮ್ಮದು ಅಂತ ಹೇಳಾಕ ಅವ್ರು ಯಾರು? ಇವತ್ತ ನಮ್ಮದು ಅಂದ್ರ ಒಪ್ಗೊಂಡ್ರ, ನಾಳಿ ಮಾಮಾಂದು ಅಂದ್ರೂ ಒಪ್ಗೋಬೇಕಾಗ್ತದ."

"ಅಲ್ಲೀತನಕ ತೊಗರಿ ಕೈಗೆ ಬರ್ತದಲ್ಲ!"

ಹೊಲ ಅವಳದು, ತೊಗರಿ ಅವಳದು. ನನ್ನದು ಬರೀ ವಾದ. ಅವ್ವ ಬಟ್ಟಲಿಗೆ ಚಹಾ ಸುರಿದುಕೊಂಡಳು, ಊದಿದಳು, ಕುಡಿಯದೆ ಇಟ್ಟಳು. ಚಪ್ಪಲಿ ಬಿಟ್ಟು ಠಾಣೆಯ ಬೆಂಚಿನ ಮೇಲೆ, ಶಾಲೆಯಲ್ಲಿ ಶಿಕ್ಷೆಗೆ ಕೂತವನ ಹಾಗೆ ಕೈ ಕಟ್ಟಿ ಕೂತಿದ್ದ ಅಣ್ಣನ ಕಡೆ ಬಹಳ ಹೊತ್ತು ನೋಡಿದಳು.

"ಈ ಸಾಹೇಬ್ರು ವರ್ಗ ಆಗಿ ಹೋಗ್ತಾರಲ್ಲ?" ಎಂದಳು.

"ಹೋಗ್ತಾರ."

"ಮುಂದ ಬಂದಾಂವ ಫೋಟೊ ನೋಡ್ತಾನೋ, ಪಹಣಿ ನೋಡ್ತಾನೋ, ಯಾರಿಗೊತ್ತು." ಸೆರಗು ಸೊಂಟಕ್ಕೆ ಸಿಕ್ಕಿಸಿಕೊಂಡಳು. "ಮತ್ತ ನಮ್ಮಣ್ಣನ ಕಡಿಂದ ಪೊಲೀಸರ ಮುಂದ ಕೈ ಕಟ್ಟಿಸಿ ಬರಸ್ಕೊಂಡ ಹೊಲ ನನಗ್ಯಾಕ? ಅಪ್ಪ ಕೊಟ್ಟದ್ದು ಅದು. ನಡಿ, ಅದೇನೋ ಕಾಗದ ಅಂದ್ಯಲ್ಲ, ಕೇಳೂಣು."

ಒಳಗೆ ಹೋಗಿ ಅವ್ವನೇ ಕೇಳಿದಳು. "ಹಿಂಬರಹ ಕೊಡ್ರಿ, ಸಾಹೇಬ್ರ."

"ಯಾಕವ್ವಾ, ನಿಮ್ಮ ಪರವಾಗೇ ಹೇಳಾಕತ್ತೀನಲ್ಲ?"

"ಹೌದ್ರಿ. ನಮ್ಮ ಪರವಾಗೂ ಹೇಳಬ್ಯಾಡ್ರಿ."

ನಾನು ಮೂರು ವರ್ಷ ಮೈಕಿನ ಮುಂದೆ ಕೂಗಿ ಗಳಿಸಿದ ಕಪ್ಪುಗಳನ್ನೆಲ್ಲ ಒಟ್ಟುಮಾಡಿದರೂ ಆ ಒಂದು ಮಾತಿಗೆ ಸಮವಾಗಲಾರವು.

ಸಾಹೇಬರಿಗೆ ಅವಮಾನವಾಯಿತು. ಒಳ್ಳೆಯದು ಮಾಡಲು ಹೋದವರ ಕೈ ದೂಡಿದರೆ ಯಾರಿಗಾದರೂ ಆಗುತ್ತದೆ. ಕಂಪ್ಯೂಟರಿನ ಮುಂದೆ ಕೂತವರಿಗೆ ಬರೆಯಲು ಹೇಳಿ, ಮೊಹರನ್ನು ತಾವೇ ಒತ್ತಿದರು, ಮೇಜು ನಡುಗುವ ಹಾಗೆ. ಒಂದು ಪ್ರತಿ ಮಾಮಾನಿಗೆ, ಒಂದು ನಮಗೆ.

"ನಾಳಿ ಜಗಳ ಆದ್ರ ನನ್ನ ಕಡಿ ಬರಬ್ಯಾಡ್ರಿ ಮತ್ತ," ಎಂದರು.

"ಬರ್ತೇವ್ರಿ," ಎಂದೆ ನಾನು. "ಹೊಲ ಯಾರದು ಅಂತ ಕೇಳಾಕ ಬರಂಗಿಲ್ಲ. ಯಾರರೆ ಕೈ ಎತ್ತಿದ್ರ, ಎತ್ತ್ಯಾರ ಅಂತ ಹೇಳಾಕ ಬರ್ತೇವಿ. ಅವತ್ತ ನೀವು ಬರಲೇಬೇಕು."

ಅವರು ಮುಂದಿನ ಅರ್ಜಿ ಎತ್ತಿಕೊಂಡರು. ಹವಾಲ್ದಾರರು ಮಾತ್ರ ಬಾಗಿಲ ತನಕ ಬಂದು ಮೆಲ್ಲಗೆ, "ಯಾವ ಕಾಲೇಜವಾ ನಿಂದು?" ಎಂದರು. ಹೇಳಿದೆ. "ನನ್ನ ಮಗಳನ್ನ ಅಲ್ಲಿ ಹಾಕಬಾರದು," ಎಂದು ನಕ್ಕು ಒಳಗೆ ಹೋದರು.

ಮರುದಿನ ಬೆಳಿಗ್ಗೆ ಮೊದಲ ಬಸ್ಸಿಗೆ ಹೊಲ ಸೇರಿದೆವು. ಚಾಚಾ ಎಂಟು ಮಂದಿ ಆಳು ಕರೆದಿದ್ದರು. ಮಾಮಾ ಬದುವಿನ ಮೇಲೆ ಬಂದು ನಿಂತ. ಅವನ ಜೇಬಿನಲ್ಲೂ ಅದೇ ಕಾಗದ. ಹೊಲ ಅವನದೆಂದೂ ಅದರಲ್ಲಿಲ್ಲ, ನಮ್ಮದೆಂದೂ ಇಲ್ಲ. ಆರು ದಿನ ಅವನ ಬೆನ್ನಿಗೆ ನಿಂತಿದ್ದ ಠಾಣೆ ಈಗ ಅಲ್ಲಿರಲಿಲ್ಲ. ನಮ್ಮ ಬೆನ್ನಿಗೂ ಯಾರೂ ಇರಲಿಲ್ಲ. ಇಬ್ಬರೂ ಬರಿಗೈಯಲ್ಲಿ ಎದುರುಬದುರು.

"ಕೋರ್ಟಿಗೆ ಹೋಗ್ತೀನಿ ನೋಡು," ಎಂದ ಮಾಮಾ.

"ಹೋಗಣ್ಣ," ಎಂದಳು ಅವ್ವ. "ನಾನೂ ಬರ್ತೇನಿ. ಈಗ ಸ್ವಲ್ಪ ಸರಿ, ಆಳುಗಳಿಗೆ ದಾರಿ ಬಿಡು."

ಎಂಟು ಕುಡುಗೋಲು ಒಟ್ಟಿಗೆ ತೊಗರಿಗೆ ಬಿದ್ದವು. ಮಾಮಾ ಸರಿದು ನಿಂತ. ಮೇಲಿನ ಸಾಲುಗಳಲ್ಲಿ ಸಾಕಷ್ಟು ಕಾಯಿ ಆಗಲೇ ಸಿಡಿದು ಉದುರಿತ್ತು. ಅವ್ವ ನೆಲಕ್ಕೆ ಕೂತು, ಮಣ್ಣಿನಿಂದ ಕಾಳು ಆರಿಸತೊಡಗಿದಳು. ಬೇಡ ಎಂದರೂ ಕೇಳಲಿಲ್ಲ. ಆ ಉದುರಿದ ಕಾಳಿಗೆ ಯಾರ ಹತ್ತಿರ ಹಿಂಬರಹ ಕೇಳಲಿ?

ಎಳ್ಳಮವಾಸ್ಯೆ ಬಂತು. ಅದಕ್ಕೆ ಎರಡು ದಿನ ಮೊದಲು ಆಳಂದದ ಕೋರ್ಟಿನಿಂದ ಸಮನ್ಸೂ ಬಂತು. ಮಾಮಾ ದಾವೆ ಹಾಕಿದ್ದ. ಅಪ್ಪ ಪೆಚ್ಚಾದ. ನನಗೆ ಮಾತ್ರ, ನಂಬಿದರೆ ನಂಬಿ, ಸಮಾಧಾನವಾಯಿತು. ಅಲ್ಲಿ ಆ ಫೋಟೊ ಮತ್ತೆ ಹೊರಬರುತ್ತದೆ, ಕಟಕಟೆಯಲ್ಲಿ ನಿಂತು ಈ ಸಾಲು ನಾನೇ ಬರೆದೆ ಎಂದು ಒಪ್ಪಿಕೊಳ್ಳಬೇಕಾಗುತ್ತದೆ. ಒಪ್ಪಿಕೊಳ್ಳುತ್ತೇನೆ. ಅಲ್ಲಿ ನನ್ನ ಉತ್ತರವನ್ನೂ ಬರೆದುಕೊಳ್ಳುತ್ತಾರೆ. ವರ್ಷಗಳೇ ಹಿಡಿದರೆ ಹಿಡಿಯಲಿ.

ಹೊಲದಲ್ಲಿ ಅಡುಗೆ ಇಳಿಸಿದ ಮೇಲೆ ಅವ್ವ ಚರಗದ ಬುಟ್ಟಿಯನ್ನು ಯಾರ ಕೈಗೂ ಕೊಡಲಿಲ್ಲ. ನನಗೆ ನೀರಿನ ತಂಬಿಗೆ ಕೊಟ್ಟು, "ಹಿಂದ ಬಾ" ಎಂದಳು. ಜೋಳದ ಸಾಲುಗಳ ಅಂಚಿನಲ್ಲಿ ನಡೆಯುತ್ತ ಕೈ ಬೀಸಿದಳು. "ಹುಲ್ಲುಲ್ಲಿಗೋ" ಎಂದು ಕೂಗಲು ಹೋದರೆ ದನಿ ಮೊದಲ ಸಲ ಪಕ್ಕದ ಸಾಲಿಗೂ ಕೇಳಲಿಲ್ಲ. ಎರಡನೆಯ ಸಲ ಬದು ದಾಟಿತು. ಆಚೆ ಹೊಲಗಳ ಹೆಂಗಸರು ಊಟ ಬಿಟ್ಟು ಎದ್ದು ನಿಂತು ನೋಡಿದರು. ಚಾಚಾ ತಮ್ಮ ಹೊಲದಿಂದ, "ಬಹೆನ್‌ಜೀ, ಮೂಲೀಗಿ ಇನ್ನೊಂದು ತುತ್ತ ಒಗೀರಿ, ಅಲ್ಲಿ ಜ್ವಾಳ ಸಣ್ಣದದ!" ಎಂದು ಕೂಗಿದರು.

ಮಾಮಾ ತನ್ನ ಚರಗ ಮುಗಿಸಿ ಬದುವಿನ ಮೇಲೆ ನಿಂತಿದ್ದ. ಪ್ರತಿ ವರ್ಷ ಕರೆ ಬರುತ್ತಿದ್ದ ಹೊತ್ತು ಅದು. ಕರೆ ಬಂತು.

"ಅಣ್ಣಾ, ಉಣ್ಣಾಕ ಬಾ."

"ಚರಗ?"

"ಚೆಲ್ಲೇನಿ."

ಅವನು ತನ್ನ ಖಾಲಿ ಬುಟ್ಟಿಯನ್ನು ಬದುವಿನ ಮೇಲಿಟ್ಟ. ಆ ದಿನ ಕರೆದ ಊಟ ಬಿಟ್ಟು ಹೋಗುವುದು ನಮ್ಮಲ್ಲಿಲ್ಲ, ಕೋರ್ಟಿಗೆ ಹೋದವರೂ ಉಣ್ಣಬೇಕು. ಬಂದ. ಕೂತ. ಎರಡು ಕಡಬು ತಿಂದು, ನನ್ನ ಕಡೆ ತಿರುಗದೆ ಕೇಳಿದ: "ಏನ ಬೇ, ಈ ಸಲ ಫೋಟೊ ತಗೀಲಿಲ್ಲೇನು?"

"ತಗದೇನಿ, ಮಾಮಾ. ಅವ್ವ ಚೆಲ್ಲೂದು. ಠಾಣೇದಾಗ ತೋರ್ಸಂಗಿಲ್ಲ, ಜಡ್ಜ್ ಸಾಹೇಬ್ರಿಗೆ ತೋರಸ್ತೇನಿ."

ಅವ್ವ ಕೇಳದೆಯೇ ಅವನ ಬಟ್ಟಲಿಗೆ ಅಂಬಲಿ ಸುರಿದಳು, ಅಂಚಿನ ತನಕ.